ತಿಪ್ಪಮ್ಮನ ಮೊಮ್ಮಗಳಿಗೆ ಹೆಸರಿಡುವವರೇ

ಆರವ್ ಎಂದರೆ ಶಾಂತ ಸ್ವಭಾವದವನು ಅಂತ ಮೊಬೈಲು ಹೇಳುತ್ತದೆ. ಅಮರಕೋಶ ಬೇರೆಯೇ ಹೇಳುತ್ತದೆ. ಅದರ ಶಬ್ದಾದಿವರ್ಗದಲ್ಲಿ ಸದ್ದಿಗೆ ಇರುವ ಮಾತುಗಳನ್ನು ಪೋಣಿಸಿದ ಕಡೆ ನಿನಾದ, ಧ್ವನಿ, ರವ, ನಿರ್ಘೋಷಗಳ ಸಾಲಿನಲ್ಲೇ ಆರವ ಕೂತಿದೆ. ಕೂಗು, ಮೊರೆತ, ಗದ್ದಲ. ಕಲರವ ಎಂಬ ಮಾತು ಕಿವಿಗೆ ಬಿದ್ದಿರುವ ಯಾವ ಕನ್ನಡಿಗನಿಗಾದರೂ ಇದು ಹೊಳೆಯಬೇಕಿತ್ತು. ಮೊದಲ ಸ್ವರ ಹ್ರಸ್ವವಾಗಿದ್ದರೆ ಸದ್ದಿಲ್ಲದವನು ಅಂತ ಹೇಗೋ ಹೊಂದಿಸಬಹುದಿತ್ತೇನೋ. ಆದರೆ ‘ಅರವ’ ಎಂದು ಕೂಗಿದರೆ ತೆಲುಗು ಬಲ್ಲ ನಮ್ಮ ಗಡಿಸೀಮೆಯ ಅಜ್ಜಿ, ‘ನಮ್ಮ ಕೂಸು ಯಾವಾಗ ತಮಿಳರವನಾದ?’ ಎಂದು ಕೇಳದೆ ಬಿಡುವುದಿಲ್ಲ.

ಒಂದು ಸ್ವರ ಉದ್ದವಾಯಿತು, ಅದರಿಂದ ಯಾರ ಮನೆ ಮುಳುಗಿತು ಎನ್ನುತ್ತೀರಿ. ಮುಳುಗುತ್ತಿರುವುದು ಏನು ಎಂದು ಹೇಳುವುದಕ್ಕೇ ಈ ಕರೆ.

ನನ್ನಿವಾಳದ ಹಟ್ಟಿಗಳಲ್ಲಾಗಲಿ, ಚಳ್ಳಕೆರೆ ಪೇಟೆಯಲ್ಲಾಗಲಿ, ಮೊಳಕಾಲ್ಮುರಿನ ಮಗ್ಗದ ಮನೆಗಳಲ್ಲಾಗಲಿ ಈಗ ತೊಟ್ಟಿಲು ಕಟ್ಟುವ ಮುಂಚೆ ನಡೆಯುವುದು ಹೆಚ್ಚುಕಡಿಮೆ ಒಂದೇ. ಜೋಯಿಸರು ಚೀಟಿಯಲ್ಲಿ ಅಕ್ಷರ ಬರೆದುಕೊಡುತ್ತಾರೆ. ಬೆಂಗಳೂರಿನಿಂದ ಬಂದ ಸೋದರಮಾವ ಮೊಬೈಲು ತೆಗೆಯುತ್ತಾನೆ. ಪರದೆಯ ಮೇಲೆ ಎಡಕ್ಕೆ ಹೆಸರು, ನಡುವೆ ಅರ್ಥ, ಬಲಕ್ಕೆ ‘ಸಂಸ್ಕೃತ’ ಎಂಬ ಒಂದು ಮಾತು, ಕೊನೆಗೆ ಮೆಚ್ಚಿದವರ ಹೃದಯದ ಗುರುತು. ಈ ಅರ್ಥ ಯಾವ ನಿಘಂಟಿನದು, ಯಾರು ಹೇಳಿದ್ದು, ಯಾವ ಪುಟದಲ್ಲಿದೆ ಎಂಬುದಕ್ಕೆ ಅಲ್ಲಿ ಜಾಗವೇ ಇಲ್ಲ. ಸೋದರಮಾವ ಓದುತ್ತಾನೆ, ಬಾಣಂತಿ ತಲೆ ಆಡಿಸುತ್ತಾಳೆ, ಕಾರ್ಡು ಅಚ್ಚಿಗೆ ಹೋಗುತ್ತದೆ. ಮೂಲೆಯಲ್ಲಿ ಎಲೆ ಅಡಿಕೆ ಮೆಲ್ಲುತ್ತ ಕೂತ ತಿಪ್ಪಮ್ಮಜ್ಜಿಯನ್ನು ಯಾರೂ ಕೇಳುವುದಿಲ್ಲ.

ಆ ಪಟ್ಟಿ ಹುಟ್ಟುವುದು ಹೇಗೆ? ಅವಕಹಡ ಚಕ್ರದಲ್ಲಿ 27 ನಕ್ಷತ್ರಕ್ಕೆ ನಾಲ್ಕು ನಾಲ್ಕು ಪಾದದಂತೆ 108 ಅಕ್ಷರಗಳಿವೆ. ಆರಿದ್ರೆಯ ಒಂದು ಪಾದಕ್ಕೆ ಙ, ಹಸ್ತದ ಒಂದಕ್ಕೆ ಣ, ಉತ್ತರಾಭಾದ್ರೆಯ ಒಂದಕ್ಕೆ ಞ. ಈ ಅಕ್ಷರಗಳಿಂದ ಕನ್ನಡದಲ್ಲಿ ಯಾರಿಗೆ ಹೆಸರಿಡುತ್ತೀರಿ? ಹಳಬರು ಜಾಣರು. ಜನ್ಮನಾಮ ಬೇರೆ, ಕರೆಯುವ ಹೆಸರು ಬೇರೆ ಎಂದು ದಾರಿ ಮಾಡಿಕೊಂಡಿದ್ದರು. ಪಟ್ಟಿ ಮಾಡುವವನಿಗೆ ಖಾಲಿ ಜಾಗ ಕಂಡರೆ ಆಗದು. ಅವನು ಅಕ್ಷರಕ್ಕೆ ಬಾಲ ಅಂಟಿಸಿ ಹೆಸರು ಮಾಡುತ್ತಾನೆ, ಹೆಸರಿಗೆ ದೇವರನ್ನು ಅಂಟಿಸಿ ಅರ್ಥ ಮಾಡುತ್ತಾನೆ. ಅದನ್ನು ಇನ್ನೊಬ್ಬ ನಕಲು ಮಾಡುತ್ತಾನೆ, ನಕಲಿನ ನಕಲನ್ನು ಪುಸ್ತಕದಂಗಡಿಯವನು ಅಚ್ಚು ಹಾಕುತ್ತಾನೆ. ಈಗ ಕೇಳಿದ್ದಕ್ಕೆಲ್ಲ ಉತ್ತರಿಸುವ ಯಂತ್ರಗಳೂ ಅವೇ ಪಟ್ಟಿಗಳನ್ನು ಓದಿಕೊಂಡು ಅದೇ ಸುಳ್ಳನ್ನು ವಿನಯದಿಂದ ಹೇಳುತ್ತವೆ. ಹತ್ತು ಕಡೆ ಒಂದೇ ಅರ್ಥ ಇದೆಯಲ್ಲ ಎಂದು ನೀವು ನಂಬುತ್ತೀರಿ. ಹತ್ತೂ ಕಡೆ ಒಬ್ಬನೇ ಇದ್ದಾನೆ, ಅದು ನಿಮಗೆ ಕಾಣುವುದಿಲ್ಲ.

ರೇಯಾಂಶ್ ತೆಗೆದುಕೊಳ್ಳಿ. ಬೆಳಕಿನ ಕಿರಣದ ಅಂಶ, ಸಂಸ್ಕೃತ ಎಂದು ಬರೆದಿರುತ್ತದೆ. ಅಂಶ ಸಂಸ್ಕೃತ, ನಿಜ. ಕಿರಣಕ್ಕೆ ಸಂಸ್ಕೃತದಲ್ಲಿ ರಶ್ಮಿ ಇದೆ, ಮಯೂಖ ಇದೆ, ಮರೀಚಿ ಇದೆ. ಈ ‘ರೇ’ ಇಂಗ್ಲಿಷಿನದು! ಮೈರಾ ಎಂದರೆ ಪ್ರಿಯೆ, ಸಂಸ್ಕೃತ ಎನ್ನುತ್ತವೆ ಪಟ್ಟಿಗಳು. ಇಂಗ್ಲಿಷಿನಲ್ಲಿ ಆ ಹೆಸರು ಕಾಣಿಸಿಕೊಂಡದ್ದು 1628ರಲ್ಲಿ ತೀರಿಕೊಂಡ ಫುಲ್ಕ್ ಗ್ರೆವಿಲ್ ಎಂಬ ಕವಿಯ ಪ್ರೇಮಕವಿತೆಗಳಲ್ಲಿ. ಅನಯ ಎಂದರೆ ನಯವಿಲ್ಲದ್ದು, ದುರ್ನೀತಿ. ಆ ಮಾತಿನ ನಡುವಿನ ಅಕ್ಷರವನ್ನೂ ಕೊನೆಯ ಅಕ್ಷರವನ್ನೂ ಎಳೆದು ‘ಅನಾಯಾ’ ಮಾಡಿದ ಹೆಸರು ಹೆಣ್ಣುಮಕ್ಕಳ ಪಟ್ಟಿಯಲ್ಲಿ ಮೇಲಿನ ಸಾಲಿನಲ್ಲೇ ಇದೆ. ಒಂದು ಕಡೆ ಅದು ಸಂಸ್ಕೃತ, ಇನ್ನೊಂದು ಕಡೆ ಅರಬ್ಬಿ, ಮತ್ತೊಂದು ಕಡೆ ಇನ್ನೇನೋ. ಮೂರೂ ಕಡೆ ಅರ್ಥ ಬೇರೆ.

ನನ್ನ ಹೊಟ್ಟೆ ಉರಿಯುವುದು ಧನ್ವಿ ಎಂಬ ಹೆಸರನ್ನು ಕಂಡಾಗ. ಧನ ಇರುವವಳು, ಸಿರಿವಂತೆ ಎಂದು ಪಟ್ಟಿಯವರು ಹೇಳುತ್ತಾರೆ. ಧನ್ವ ಎಂದರೆ ಬಿಲ್ಲು, ಧನ್ವಿ ಎಂದರೆ ಬಿಲ್ಲು ಹಿಡಿದವರು. ಅರ್ಜುನನಿಗೂ ಅದು ಸಲ್ಲುವ ಹೆಸರು. ನನ್ನಿವಾಳದ ಕಟ್ಟೆಮನೆಗೆ ಸೇರಿದ ಮ್ಯಾಸಬೇಡರ ಹಟ್ಟಿಯಲ್ಲಿ, ಬಿಲ್ಲು ಬಾಣವನ್ನೇ ಬದುಕು ಮಾಡಿಕೊಂಡಿದ್ದವರ ಮರಿಮಗಳಿಗೆ ಬಿಲ್ಲಿನ ಹೆಸರೇ ಒದಗಿ ಬಂದಿದೆ. ಅದನ್ನು ಅವಳಿಗೆ ದುಡ್ಡು ಎಂದು ಹೇಳಿಕೊಡಲಾಗುತ್ತಿದೆ.

ಹೊಸ ಹೆಸರು ಬೇಡ ಎಂದು ನಾನು ಹೇಳುತ್ತಿಲ್ಲ. ಹಾಗೆ ಹೇಳಲು ನಾನು ಯಾರು? ಆರವ್ ಎಂದೇ ಕರೆಯಿರಿ. ಮನೆ ತುಂಬ ಸದ್ದು ಮಾಡುವ ಕೂಸಿಗೆ ಅದಕ್ಕಿಂತ ಒಳ್ಳೆಯ ಹೆಸರಿಲ್ಲ. ಮೈರಾ ಎಂದು ಕರೆಯಿರಿ, ಇಂಗ್ಲಿಷ್ ಕವಿಯೊಬ್ಬ ಬಳಸಿದ ಹೆಸರಿನ ಋಣ ನಮಗಿದ್ದರೆ ಅವಮಾನವೇನೂ ಅಲ್ಲ. ಕಿವಿಗೆ ಇಂಪಾಗಿದೆ, ಅದಕ್ಕೇ ಇಟ್ಟೆವು ಎಂದರೂ ಸಾಕು. ಅದು ಪ್ರಾಮಾಣಿಕ ಉತ್ತರ. ಸುಳ್ಳು ಅರ್ಥ ಕಟ್ಟಿ ಕಾರ್ಡಿನ ಮೇಲೆ ಅಚ್ಚು ಹಾಕಿಸುವುದನ್ನು ಮಾತ್ರ ನಿಲ್ಲಿಸಿ. ಅದು ಮಗುವಿಗೆ ಜೀವನದಲ್ಲಿ ಹೇಳುವ ಮೊದಲ ಮಾತು. ಮೊದಲ ಮಾತೇ ಸುಳ್ಳಾದರೆ ಹೇಗೆ?

ಇದಕ್ಕಿಂತ ದೊಡ್ಡ ಅನ್ಯಾಯ ಇನ್ನೊಂದಿದೆ. ಹೊಳೆಯುವ ಸುಳ್ಳು ಅರ್ಥವೊಂದು ಮನೆಗೆ ಬಂದ ದಿನ ಪಕ್ಕದಲ್ಲಿ ಕೂತ ಅಜ್ಜಿಯ ಹೆಸರು ಮಂಕಾಗುತ್ತದೆ. ತಿಪ್ಪಮ್ಮ, ಓಬಮ್ಮ, ಬೋರಮ್ಮ, ಪಾಲಮ್ಮ, ಮಾರಕ್ಕ. ‘ಇವೆಲ್ಲ ಅರ್ಥವಿಲ್ಲದ ಹಳೇ ಹೆಸರು’ ಎಂದು ಮೊಮ್ಮಕ್ಕಳು ನಗುತ್ತಾರೆ. ಪಟ್ಟಿಯಲ್ಲಿ ಈ ಹೆಸರುಗಳು ಇಲ್ಲ. ಪಟ್ಟಿಯಲ್ಲಿ ಇಲ್ಲದ್ದಕ್ಕೆ ಅರ್ಥವಿಲ್ಲ ಎಂದು ಅವರು ತಿಳಿದಿದ್ದಾರೆ. ಲೆಕ್ಕ ಹಾಕಿ ನೋಡಿ, ಅರ್ಥ ಇರುವ ಹೆಸರುಗಳೇ ಇವು.

ತಿಪ್ಪಮ್ಮನಿಂದ ಶುರು ಮಾಡೋಣ. ಚಳ್ಳಕೆರೆ ತಾಲ್ಲೂಕಿನಲ್ಲಿ ಒಂದು ಕಲ್ಲು ಎಸೆದರೆ ಒಬ್ಬ ತಿಪ್ಪೇಸ್ವಾಮಿಗೆ ತಾಗುತ್ತದೆ ಎಂದು ನಾವೇ ತಮಾಷೆ ಮಾಡುತ್ತೇವೆ. ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿ ಈ ಸೀಮೆಗೆ ಕೆರೆ ಕಟ್ಟಿಸಿಕೊಟ್ಟ ಗುರು. ಮಳೆ ಕಡಿಮೆ ಬೀಳುವ ನೆಲದಲ್ಲಿ ನೀರು ನಿಲ್ಲಿಸಿದವನ ಹೆಸರನ್ನು ಮಕ್ಕಳಿಗೆ ಇಟ್ಟರು. ಇದು ಒಂದು ಕಾರಣ. ಇನ್ನೊಂದು ಕಾರಣ ಹೇಳುವಾಗ ಅಜ್ಜಿಯರ ದನಿ ತಗ್ಗುತ್ತದೆ. ಹುಟ್ಟಿದ ಮಕ್ಕಳು ಉಳಿಯದ ಮನೆಯಲ್ಲಿ, ಹೊಸದಾಗಿ ಹುಟ್ಟಿದ ಕೂಸನ್ನು ತಿಪ್ಪೆಯ ಮೇಲೆ ಮಲಗಿಸಿ, ಬೇಡವೆಂದು ಬಿಸಾಡಿದಂತೆ ಮಾಡಿ, ಮತ್ತೆ ಎತ್ತಿಕೊಂಡು ಬಂದು ತಿಪ್ಪ, ತಿಪ್ಪಿ ಎಂದು ಕರೆಯುವ ವಾಡಿಕೆ ಇತ್ತು. ಗುಂಡಪ್ಪ, ಕಲ್ಲಪ್ಪ, ಅಡವೆಪ್ಪ ಎಂಬಂಥ ಹೆಸರುಗಳ ಹಿಂದೆಯೂ ಎಷ್ಟೋ ಮನೆಗಳಲ್ಲಿ ಇಂಥದೇ ಭಯ ಇದೆ. ಸಾವಿನ ಕಣ್ಣು ಬೀಳದಿರಲಿ ಎಂದು ಕೀಳು ಹೆಸರಿಡುವುದು. ಹಾಗಾದರೆ ನಿಮ್ಮ ಮನೆಯ ತಿಪ್ಪಮ್ಮ ಗುರುವಿನ ತಿಪ್ಪಮ್ಮನೋ, ತಿಪ್ಪೆಯ ತಿಪ್ಪಮ್ಮನೋ? ನಿಘಂಟಿಗೆ ಇದು ಗೊತ್ತಿಲ್ಲ. ಗೊತ್ತಿರುವುದು ಆಕೆಗೆ, ಅಥವಾ ಆಕೆಯ ಅಕ್ಕನಿಗೆ. ಆಕೆಗಿಂತ ಮುಂಚೆ ಹುಟ್ಟಿ ಹೋದ ಮಕ್ಕಳ ವಿಷಯ ಆ ಹೆಸರಿನೊಳಗೆ ಇದ್ದರೂ ಇರಬಹುದು. ಯಾರಾದರೂ ಕೇಳಿದ್ದೀರಾ?

ಓಬಮ್ಮನಿಗೆ ನಗುವವರು ಚಿತ್ರದುರ್ಗದ ಓಬವ್ವನ ಮುಂದೆ ಕೈ ಮುಗಿಯುತ್ತಾರೆ. ಹೆಸರು ಒಂದೇ ಎಂಬುದು ಅವರಿಗೆ ತೋಚಿಲ್ಲ. ಅಹೋಬಲದ ನರಸಿಂಹ ಜನರ ನಾಲಿಗೆಯಲ್ಲಿ ತೇದು ಓಬಳನಾದ, ಓಬಳೇಶನಾದ, ಓಬಯ್ಯ ಓಬಮ್ಮರಾದರು. ನಲ್ಲಮಲ ಕಾಡಿನ ದೇವರು ನಮ್ಮ ಹಟ್ಟಿಯ ದೇವರಾದ ದಾರಿ ಆ ಎರಡಕ್ಷರದಲ್ಲಿದೆ. ಮೊಳಕಾಲ್ಮುರು ಕಡೆಯ ನುಂಕಪ್ಪನನ್ನು ಕೇಳಿದರೆ ನುಂಕೆಮಲೆಯ ಸಿದ್ಧೇಶ್ವರನ ಬೆಟ್ಟವನ್ನೇ ಕೈ ಮಾಡಿ ತೋರಿಸುತ್ತಾನೆ. ಕ್ಯಾತಯ್ಯನ ಹೆಸರು ಕಾಡುಗೊಲ್ಲರ ಕ್ಯಾತಪ್ಪನದು. ಆ ದೇವರ ಜಾತ್ರೆಯಲ್ಲಿ ಮುಳ್ಳಿನಲ್ಲೇ ಕಟ್ಟಿದ ಗುಡಿಯ ಮೇಲೆ ಬರಿಗಾಲಲ್ಲಿ ಹತ್ತಿ ಕಳಸ ಇಳಿಸುತ್ತಾರೆ. ಆ ಮುಳ್ಳುಗುಡಿಯ ದೇವರ ಹೆಸರಿಟ್ಟುಕೊಂಡ ಹುಡುಗ ಬೆಂಗಳೂರಿಗೆ ಹೋಗಿ ‘ಕೆ’ ಎಂಬ ಒಂದು ಇನಿಷಿಯಲ್ಲಿನ ಹಿಂದೆ ಅಡಗಿ ಕೂರುತ್ತಾನೆ.

ಪಾಪಯ್ಯನ ಕಷ್ಟ ಶಾಲೆಯಲ್ಲಿ ಶುರುವಾಗುತ್ತದೆ. ‘ಏನು ಪಾಪ ಮಾಡಿದ್ದೆಯೋ?’ ಎಂದು ಕೇಳಿ ತರಗತಿಯನ್ನು ನಗಿಸುವ ಮೇಷ್ಟ್ರುಗಳಿದ್ದಾರೆ. ಪಾಪ ಎಂದರೆ ಮಗು ಎಂಬ ಅರ್ಥ ಕನ್ನಡದಲ್ಲೂ ಇದೆ, ತೆಲುಗಿನಲ್ಲೂ ಇದೆ. ಅದಕ್ಕಿಂತ ಮುಖ್ಯವಾದದ್ದು, ಮ್ಯಾಸಬೇಡರ ಹಾಡು ಕಥನಗಳಲ್ಲಿ ಜಗಳೂರು ಪಾಪನಾಯಕ ಎಂಬ ವೀರನಿದ್ದಾನೆ. ಗಾದ್ರಿಪಾಲನಾಯಕನೂ ಇದ್ದಾನೆ. ಹಟ್ಟಿಯಲ್ಲಿ ಪಾಪಯ್ಯ, ಪಾಲಯ್ಯ ಎಂದು ಹೆಸರಿಟ್ಟವರು ನಿಘಂಟು ನೋಡಿ ಇಟ್ಟವರಲ್ಲ, ಆ ವೀರರನ್ನು ನೆನೆದು ಇಟ್ಟವರು. ಪಾಲ ಎಂದರೆ ಕಾಯುವವನು ಎಂದು ಸಂಸ್ಕೃತದಿಂದ ಹೇಳಬಹುದು, ಪಾಲು ಎಂದರೆ ಹಾಲು ಎಂದು ತೆಲುಗಿನಿಂದ ಹೇಳಬಹುದು. ಎರಡೂ ಬುದ್ಧಿವಂತರ ಊಹೆ. ಮನೆಯವರ ಉತ್ತರ ಒಂದೇ: ಅವನ ಹೆಸರು.

ಪೆದ್ದಯ್ಯ, ಚಿನ್ನಯ್ಯರದು ಇನ್ನೊಂದು ಗತಿ. ತೆಲುಗು ಮಾತಾಡುವ ಮನೆಯಲ್ಲಿ ಪೆದ್ದ ಎಂದರೆ ಹಿರಿಯ, ಚಿನ್ನ ಎಂದರೆ ಕಿರಿಯ. ಕನ್ನಡ ಶಾಲೆಯ ಹೊಸಿಲು ದಾಟಿದ ಕೂಡಲೇ ಹಿರಿಯ ದಡ್ಡನಾಗುತ್ತಾನೆ, ಕಿರಿಯ ಬಂಗಾರವಾಗುತ್ತಾನೆ. ಅಣ್ಣ ತಮ್ಮ ಇಬ್ಬರಿಗೂ ಅಪ್ಪ ಇಟ್ಟದ್ದು ಒಂದೇ ದೇವರ ಹೆಸರು, ಮುಂದೆ ಹಿರಿ ಕಿರಿ ಅಂತ ಗುರುತು ಅಷ್ಟೆ. ಕನ್ನಡದ ಮನೆಗಳಲ್ಲಿ ದೊಡ್ಡಬೋರಯ್ಯ, ಸಣ್ಣಬೋರಯ್ಯ ಇದ್ದ ಹಾಗೆ. ಚಿನ್ನ ಎಂದರೆ ಬಂಗಾರ ಎಂದು ಬರೆದ ಪಟ್ಟಿ ಕನ್ನಡದ ಮಟ್ಟಿಗೆ ಸರಿ. ನನ್ನಿವಾಳದ ಚಿನ್ನಯ್ಯನ ಮಟ್ಟಿಗೆ ತಪ್ಪು. ಮೂಲ ನೋಡದೆ ಅರ್ಥ ಹೇಳಿದರೆ ಹೀಗಾಗುತ್ತದೆ.

ಇಷ್ಟು ಹೇಳಿದ ಮೇಲೆ ನಮ್ಮವರಿಗೂ ಒಂದು ಮಾತು. ಪಟ್ಟಿಯವರ ಸುಳ್ಳಿಗೆ ಹಟ್ಟಿಯ ಸುಳ್ಳು ಮದ್ದಲ್ಲ. ಈಚೆಗೆ ಅಭಿಮಾನ ಹೆಚ್ಚಾಗಿ, ಇದ್ದಬದ್ದ ಊರು, ದೇವರು, ಬೆಡಗುಗಳಿಗೆಲ್ಲ ಸಂಸ್ಕೃತದ್ದೋ ಹಳಗನ್ನಡದ್ದೋ ಬೇರು ಹುಡುಕುವ, ಸಿಗದಿದ್ದರೆ ತಾವೇ ನೆಡುವ ಚಟ ಬೆಳೆದಿದೆ. ನನ್ನಿ ಎಂದರೆ ಹಳಗನ್ನಡದಲ್ಲಿ ಸತ್ಯ. ಗಂಗ ಅರಸರಿಗೆ ನನ್ನಿಯ ಗಂಗ ಎಂಬ ಬಿರುದಿತ್ತು. ಹಾಗಾದರೆ ನನ್ನಿವಾಳ ಎಂದರೆ ಸತ್ಯವಂತರ ಊರು ಎಂದು ನಾಳೆ ಬೆಳಿಗ್ಗೆ ಕಮಾನು ಕಟ್ಟಿಸಬಹುದು. ಕೇಳಲು ಚೆಂದ. ಸತ್ಯದ ಹೆಸರಲ್ಲೇ ಪುರಾವೆಯಿಲ್ಲದ ಮಾತು ಹೇಳಿದಂತಾಗುತ್ತದೆ, ಅಷ್ಟೆ. ಊರಿನ ಹೆಸರಿಗೆ ಅರ್ಥ ಹೇಳುವವನು ಮೊದಲು ಅದರ ಹಳೆಯ ರೂಪ ಹುಡುಕಬೇಕು. ಎಪಿಗ್ರಾಫಿಯಾ ಕರ್ನಾಟಿಕಾದ ಹನ್ನೊಂದನೆಯ ಸಂಪುಟ ಇಡೀ ಚಿತ್ರದುರ್ಗ ಜಿಲ್ಲೆಯ ಶಾಸನಗಳದ್ದೇ. ಕಮಾನಿಗೆ ಮುಂಚೆ ಅದನ್ನು ತೆರೆಯಿರಿ.

ಪುರಾವೆಗೆ ಕಾಯುವುದು ಎಂದರೇನು ಎಂಬುದನ್ನು ಕಲಿಯಲು ನಾವು ದೂರ ಹೋಗಬೇಕಾಗಿಯೂ ಇಲ್ಲ. 1892ರಲ್ಲಿ ಬಿ.ಎಲ್. ರೈಸ್ ಮೊಳಕಾಲ್ಮುರು ತಾಲ್ಲೂಕಿನ ಬ್ರಹ್ಮಗಿರಿ, ಸಿದ್ದಾಪುರ, ಜಟಿಂಗ ರಾಮೇಶ್ವರಗಳಲ್ಲಿ ಅಶೋಕನ ಶಾಸನಗಳನ್ನು ಬೆಳಕಿಗೆ ತಂದರು. ಅಲ್ಲಿ ಅಶೋಕ ಎಂಬ ಹೆಸರೇ ಇಲ್ಲ, ದೇವಾನಾಂಪ್ರಿಯ ಎಂದಷ್ಟೇ ಇದೆ. ಅದಕ್ಕೂ ಮುಂಚೆ, 1837ರಲ್ಲಿ ಜೇಮ್ಸ್ ಪ್ರಿನ್ಸೆಪ್ ಬ್ರಾಹ್ಮಿ ಲಿಪಿಯನ್ನು ಓದಿದ ಕಾಲದಲ್ಲೇ ಸಿಂಹಳದ ಗ್ರಂಥಗಳ ಬಲದಿಂದ ಈ ದೊರೆ ಅಶೋಕನೇ ಎಂದು ಜಾರ್ಜ್ ಟರ್ನೂರ್ ಗುರುತಿಸಿದ್ದರು. ಹೆಚ್ಚಿನವರು ಒಪ್ಪಿದ್ದರು. ಆದರೂ ಕಲ್ಲು ಅದನ್ನು ಹೇಳಿರಲಿಲ್ಲ. 1915ರಲ್ಲಿ ರಾಯಚೂರು ಸೀಮೆಯ ಮಸ್ಕಿಯಲ್ಲಿ ಸಿಕ್ಕ ಶಾಸನ ಅಶೋಕ ಎಂಬ ಹೆಸರನ್ನೇ ಹೇಳಿತು. ಒಂದು ಹೆಸರು ಖಚಿತವಾಗಲು 78 ವರ್ಷ! ಬ್ರಹ್ಮಗಿರಿಯ ಶಾಸನ ಬರೆದ ಲಿಪಿಕಾರ ಚಪಡ ತನ್ನ ಹೆಸರನ್ನೂ ಕಲ್ಲಿಗೆ ಹಾಕಿದ್ದಾನೆ. ಲಿಪಿಕಾರ ಎಂಬ ಮಾತನ್ನು ಮಾತ್ರ ವಾಯವ್ಯ ಭಾರತದ ಖರೋಷ್ಠಿ ಲಿಪಿಯಲ್ಲಿ ಬರೆದಿದ್ದಾನೆ. ಅದನ್ನು ನೋಡಿ ಆತ ಆ ಕಡೆಯವನಿರಬೇಕು ಎಂದರು ವಿದ್ವಾಂಸರು. ಇರಬೇಕು ಎಂದರು, ಹೌದು ಎಂದು ಗುದ್ದಿ ಹೇಳಲಿಲ್ಲ. ಅದೇ ಶಾಸನ ತಾಯಿ ತಂದೆಯ ಮಾತು ಕೇಳಬೇಕು, ಜೀವಿಗಳ ಮೇಲೆ ಕರುಣೆ ಇರಬೇಕು, ಸತ್ಯವನ್ನೇ ಆಡಬೇಕು ಎನ್ನುತ್ತದೆ. ನಮ್ಮ ತಾಲ್ಲೂಕುಗಳಿಗೆ ಆ ಮಾತು ತಲುಪಿ ಎರಡು ಸಾವಿರ ವರ್ಷದ ಮೇಲಾಯಿತು.

ಅಪ್ಪ ಅವ್ವಂದಿರೇ, ನಿಮಗೆ ಅವಸರವಿಲ್ಲ. ಜನನವನ್ನು 21 ದಿನದೊಳಗೆ ನೋಂದಾಯಿಸಬೇಕು, ಆದರೆ ಹೆಸರು ಆಗಲೇ ಬರೆಸಬೇಕೆಂದಿಲ್ಲ. 1969ರ ಕಾಯ್ದೆಯ ಪ್ರಕಾರ ಹೆಸರಿಲ್ಲದೆಯೇ ಜನನ ನೋಂದಣಿಯಾಗುತ್ತದೆ. ಹನ್ನೆರಡು ತಿಂಗಳೊಳಗೆ ಶುಲ್ಕವಿಲ್ಲದೆ ಹೆಸರು ಸೇರಿಸಬಹುದು, ಆಮೇಲೆ ತಡದ ಶುಲ್ಕ ಕಟ್ಟಿ ಹದಿನೈದು ವರ್ಷದವರೆಗೂ ಸೇರಿಸಬಹುದು. 2023ರ ಅಕ್ಟೋಬರ್ 1ರಿಂದ ಈಚೆಗೆ ಹುಟ್ಟಿದ ಮಕ್ಕಳಿಗೆ ಶಾಲೆ, ಆಧಾರ್, ಮತದಾರರ ಪಟ್ಟಿ, ಚಾಲನಾ ಪರವಾನಗಿ ಎಲ್ಲಕ್ಕೂ ಆ ಜನನ ಪ್ರಮಾಣಪತ್ರವೇ ಆಧಾರ. ಸಂಖ್ಯಾಶಾಸ್ತ್ರದವನು ಹೇಳಿದ ಎಂದು ಎರಡು ಹೆಚ್ಚು ‘ಎ’ ತುರುಕಿಸಿದರೆ ಮುಂದೆ ಕಚೇರಿಯಿಂದ ಕಚೇರಿಗೆ ಅಲೆಯುವವರು ನೀವೇ. ಆ ಹನ್ನೆರಡು ತಿಂಗಳಲ್ಲಿ ಒಂದು ಸಂಜೆಯನ್ನಾದರೂ ಹುಡುಕಾಟಕ್ಕೆ ಕೊಡಿ. ಮೊಬೈಲೇ ಸಾಕು, ಬೇರೆ ಪುಟ ತೆರೆಯಿರಿ ಅಷ್ಟೆ. 1894ರ ಕಿಟೆಲ್ ನಿಘಂಟು ಉಚಿತವಾಗಿ ಸಿಗುತ್ತದೆ. ವಿ. ಕೃಷ್ಣ ಅವರು ದಶಕಗಳ ಕಾಲ ಒಬ್ಬರೇ ಕೂತು ಕಟ್ಟಿದ ಅಲರ್ ನಿಘಂಟು ಬೆರಳ ತುದಿಯಲ್ಲಿದೆ. ಸಂಸ್ಕೃತದ ಹೆಸರಾದರೆ ಮೋನಿಯರ್ ವಿಲಿಯಮ್ಸ್ ನಿಘಂಟನ್ನು ಜರ್ಮನಿಯ ಕಲೋನ್ ವಿಶ್ವವಿದ್ಯಾಲಯ ಎಲ್ಲರಿಗೂ ತೆರೆದಿಟ್ಟಿದೆ. ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳು ಗ್ರಂಥಾಲಯದಲ್ಲಿ ದೂಳು ಹಿಡಿಯುವುದಕ್ಕೆ ಇರುವುದಲ್ಲ. ‘ಸಂಸ್ಕೃತ’ ಎಂದು ಬರೆದ ಹೆಸರು ಸಂಸ್ಕೃತ ನಿಘಂಟಿನಲ್ಲೇ ಇಲ್ಲದಿದ್ದರೆ ಅಲ್ಲಿಗೆ ಒಂದು ವಿಷಯ ತೀರ್ಮಾನವಾಯಿತು.

ಮೇಷ್ಟ್ರೇ, ನಿಮ್ಮ ಹಾಜರಿ ಪುಸ್ತಕದಲ್ಲಿ ಪೆದ್ದಯ್ಯನ ಹೆಸರು ಓದುವಾಗ ತರಗತಿ ನಕ್ಕರೆ ಆ ಅರ್ಥವನ್ನು ಹೇಳಬೇಕಾದವರು ನೀವು. ಎರಡು ನಿಮಿಷದ ಕೆಲಸ, ಆ ಹುಡುಗನಿಗೆ ಆಯುಷ್ಯಕ್ಕಾಗುತ್ತದೆ. ಜೋಯಿಸರೇ, ಅಕ್ಷರ ಕೊಡಿ, ನಿಘಂಟು ನೋಡದೆ ಅರ್ಥ ಕೊಡಬೇಡಿ. ಪುಸ್ತಕ ಅಚ್ಚು ಹಾಕುವವರೇ, ಪ್ರತಿ ಹೆಸರಿನ ಮುಂದೆ ಆಧಾರ ಹಾಕಿ, ಆಧಾರ ಇಲ್ಲದ್ದನ್ನು ತೆಗೆದುಹಾಕಿ. ಪುಟ ಅರ್ಧಕ್ಕೆ ಇಳಿದರೆ ಇಳಿಯಲಿ! ಜರ್ಮನಿಯ ಲೈಪ್‌ಜಿಗ್ ವಿಶ್ವವಿದ್ಯಾಲಯದಲ್ಲಿ ಹೆಸರಿನ ಬಗ್ಗೆ ಕೇಳುವವರಿಗೆ ಸಲಹೆ ಕೊಡಲೆಂದೇ ಒಂದು ಕೇಂದ್ರವಿದೆ. ನಮ್ಮ ಹಂಪಿಯ ಕನ್ನಡ ವಿಶ್ವವಿದ್ಯಾಲಯ ಬುಡಕಟ್ಟುಗಳ ಅಧ್ಯಯನಕ್ಕೆ ಹೆಸರಾದದ್ದು. ಮ್ಯಾಸಬೇಡರ, ಕಾಡುಗೊಲ್ಲರ ಹೆಸರುಗಳ ಕೋಶವೊಂದನ್ನು ಅದು ಮಾಡದಿದ್ದರೆ ಇನ್ಯಾರು ಮಾಡಬೇಕು?

ಬೇಗ ಮಾಡಬೇಕು. ಚಳ್ಳಕೆರೆ ತಾಲ್ಲೂಕಿನ ಗೊಲ್ಲರಹಟ್ಟಿಯ ಸಿರಿಯಜ್ಜಿ ಶಾಲೆಯ ಮೆಟ್ಟಿಲು ಹತ್ತಿದವರಲ್ಲ. ಆಕೆಯ ನೆನಪಿನಲ್ಲಿದ್ದ ಹಾಡುಗಳನ್ನು ಕೃಷ್ಣಮೂರ್ತಿ ಹನೂರರು ಕೂತು ಬರೆದುಕೊಂಡದ್ದರಿಂದ ಅವು ಉಳಿದವು. ಬರೆದುಕೊಳ್ಳುವವರು ಬಾರದ ಹಟ್ಟಿಗಳಲ್ಲಿ ಎಷ್ಟು ಹೋಯಿತೋ. ಹೆಸರಿನ ಕಾರಣ ಹಾಡಿಗಿಂತ ಬೇಗ ಹೋಗುತ್ತದೆ, ಅದಕ್ಕೆ ರಾಗವಿಲ್ಲ.

ಆದ್ದರಿಂದ ಕಾಲೇಜು ಓದುವ ಹುಡುಗ ಹುಡುಗಿಯರೇ, ಈ ಸಲ ಹಬ್ಬಕ್ಕೆ ಊರಿಗೆ ಬಂದಾಗ ಅಜ್ಜಿಯ ಮುಂದೆ ಮೊಬೈಲಿನ ರೆಕಾರ್ಡರ್ ಇಟ್ಟು ಕೇಳಿ. ‘ಅಜ್ಜೀ, ನಿನಗೆ ಈ ಹೆಸರು ಯಾರಿಟ್ಟರು? ಯಾರದ್ದಿತ್ತು ಇದು? ಯಾಕಿಟ್ಟರು?’ ಆಕೆ ಹೇಳಿದ್ದೆಲ್ಲ ಇತಿಹಾಸ ಎಂದುಕೊಳ್ಳಬೇಡಿ. ನೆನಪೂ ತಪ್ಪುತ್ತದೆ. ಎದುರು ಮನೆಯ ಹಿರಿಯರನ್ನೂ ಕೇಳಿ, ಎರಡು ಮಾತು ಬೇರೆ ಬೇರೆಯಾದರೆ ಎರಡನ್ನೂ ಬರೆದುಕೊಳ್ಳಿ, ಹೇಳಿದವರು ಯಾರು ಎಂಬುದನ್ನೂ ಬರೆಯಿರಿ. ಮನೆಯಲ್ಲಿ ಹೊಸ ಕೂಸಿದ್ದರೆ ಅದರ ತಾಯಿ ಕಾರ್ಡಿನ ಒಳಗೆ ಒಂದು ಹಾಳೆ ಮಡಿಚಿಡಿ. ಹೆಸರು ಯಾವ ಭಾಷೆಯದು, ಯಾವ ನಿಘಂಟು ಏನೆನ್ನುತ್ತದೆ, ನೀವು ಅದನ್ನು ಯಾಕೆ ಇಟ್ಟಿರಿ ಎಂದು ಅದರಲ್ಲಿ ಬರೆಯಿರಿ. ಭಾಷೆ ಗೊತ್ತಾಗದಿದ್ದರೆ ‘ಗೊತ್ತಾಗಲಿಲ್ಲ’ ಎಂದೇ ಬರೆದು ಕೆಳಗೆ ನಾಲ್ಕು ಗೆರೆ ಜಾಗ ಬಿಡಿ. ಓದಲು ಕಲಿತ ಮೇಲೆ ಅದನ್ನು ತುಂಬುವ ಕೆಲಸ ಆ ಮಗುವಿನದು.